ಪೂರ್ತಿ ಮಾತು ಕೇಳಿಸಲು ಹಿಡಿದ ಎರಡು ವರ್ಷ

2025ರ ಜೂನ್‌ನಲ್ಲಿ ನನ್ನ ಸಾಕ್ಷ್ಯಚಿತ್ರದ ಪ್ರಮಾಣಪತ್ರ ಕೈಸೇರಿದ ದಿನ ಕಲಬುರಗಿಯ ಸೂಪರ್ ಮಾರ್ಕೆಟ್‌ನ ಝೆರಾಕ್ಸ್ ಅಂಗಡಿಯಲ್ಲಿ ಸಾಲು ಹಚ್ಚಿ ನಿಂತಿದ್ದೆ. ನನ್ನ ಮುಂದೆ ಆಧಾರ್ ತಿದ್ದುಪಡಿಗೆ ಬಂದವರು, ಜಾತಿ ಪ್ರಮಾಣಪತ್ರ ಹಿಡಿದ ಹುಡುಗರು. ನನ್ನ ಸರದಿ ಬಂತು, ಐದು ಪ್ರತಿ ಕೇಳಿದೆ. ಅಂಗಡಿಯ ಹುಡುಗ ಕಾಗದ ಓದಿ, "ಪಿಚ್ಚರ್ ಮಾಡೀರೇನ್ರಿ ಮೇಡಂ? ಹೀರೊ ಯಾರು?" ಅಂದ. "ಹೀರೊ ಇಲ್ಲಪ್ಪ. ಮಾತಾಡೋರು ಅದಾರ, ಕೇಳೋರು ಅದಾರ" ಅಂದೆ. ಅವನು ಹಣ ತಗೊಳ್ಳಲಿಲ್ಲ. ಯಾಕೆಂದು ಕೇಳಿದರೆ "ಇರ್ಲಿ ಬಿಡ್ರಿ" ಅಂದ. ಅಂಗಡಿಯಿಂದ ಹೊರಗೆ ಬಂದಾಗ ನನ್ನ ಕಣ್ಣು ತುಂಬಿತ್ತು.

ಧರ್ಮದ ಬಗ್ಗೆ ನಮ್ಮ ಜನ ನಾಲ್ಕು ಮಂದಿಯ ಎದುರು ಹೇಗೆ ವಾದ ಮಾಡುತ್ತಾರೆ, ಯಾವಾಗ ಸುಮ್ಮನಾಗುತ್ತಾರೆ, ಯಾರು ಸುಮ್ಮನಾಗಿಸುತ್ತಾರೆ ಎನ್ನುವುದನ್ನು ಕುರಿತು 64 ನಿಮಿಷದ ಸಾಕ್ಷ್ಯಚಿತ್ರ ಮಾಡಿದ್ದೇನೆ. 2023ರ ಜೂನ್‌ನಲ್ಲಿ ಶುರುವಾದ ಕೆಲಸ ಮೊದಲ ಪ್ರದರ್ಶನಕ್ಕೆ ಬಂದದ್ದು 2025ರ ಆಗಸ್ಟ್‌ನಲ್ಲಿ. ನನಗೆ ದಾರಿ ತೋರಿಸುವವರು ಈ ಕಡೆ ಯಾರೂ ಸಿಗಲಿಲ್ಲ. ಬೆಂಗಳೂರಿನ ಗೆಳೆಯರ ಸಲಹೆ ಬೆಂಗಳೂರಿಗೆ ಸರಿಹೋಗುವಂಥದ್ದು. ಮುಂದೆ ಕಲಬುರಗಿ, ಬೀದರ, ಯಾದಗಿರಿಯಿಂದ ಇಂಥದ್ದಕ್ಕೆ ಕೈಹಾಕುವ ಹುಡುಗ ಹುಡುಗಿಯರು ನಾನು ಎಡವಿದಲ್ಲಿ ಎಡವಬಾರದು ಎಂದು ಇದನ್ನು ಬರೆಯುತ್ತಿದ್ದೇನೆ.

ನಾನು ಪದವಿ ಕಾಲೇಜಿನಲ್ಲಿ ಅತಿಥಿ ಉಪನ್ಯಾಸಕಿ. 2023ರಲ್ಲಿ ನಾವು ಒಂದು ಚರ್ಚಾಸ್ಪರ್ಧೆಗೆ "ಧಾರ್ಮಿಕ ಭಾವನೆಗೆ ನೋವಾಗುವ ಮಾತು ಅಪರಾಧವಾಗಬೇಕೆ?" ಎಂಬ ವಿಷಯ ಇಟ್ಟಿದ್ದೆವು. ಹಿಂದಿನ ಸಂಜೆ ಯಾರೋ ಫೋನ್ ಮಾಡಿದರು, ಮೇಲಿನವರು ಹೆದರಿದರು. ಬೆಳಿಗ್ಗೆ ಬ್ಯಾನರಿನ ಮೇಲೆ ಬಿಳಿ ಕಾಗದ ಅಂಟಿಸಿ "ಮೊಬೈಲ್: ವರವೋ ಶಾಪವೋ" ಎಂದು ಬರೆದಿದ್ದರು. ಹದಿನೈದು ದಿನ ಓದಿ ಬಂದಿದ್ದ ಮಕ್ಕಳು ಮೊಬೈಲಿನ ಬಗ್ಗೆ ಮಾತಾಡಿ ಹೋದರು. ಧಾರವಾಡದ ಮನೆಬಾಗಿಲಲ್ಲಿ ಸಂಶೋಧಕ ಎಂ.ಎಂ. ಕಲಬುರ್ಗಿಯವರನ್ನು ಗುಂಡಿಕ್ಕಿ ಕೊಂದ 2015ರ ಆಗಸ್ಟ್ 30ರಂದು ನಾನು ಎಂ.ಎ. ಓದುತ್ತಿದ್ದೆ. ಅಂದು ಹಾಸ್ಟೆಲಿನಲ್ಲಿ ಸತ್ತವರಿಗಾಗಿ ಅತ್ತವರಿದ್ದರು. "ಹಂಗ ಮಾತಾಡಬಾರ್ದಿತ್ತು" ಅಂದವರೂ ಇದ್ದರು, ಮತ್ತು ಅವರು ಕೆಟ್ಟವರಾಗಿರಲಿಲ್ಲ. ಬ್ಯಾನರಿನ ಮೇಲಿನ ಆ ಬಿಳಿ ಕಾಗದ ನೋಡಿದಾಗ ಅವೆರಡೂ ನೆನಪಾದವು. ಸಿಟ್ಟು ಬಂದಿದ್ದು ನಿಜ. ಆದರೆ ಸಿಟ್ಟಿಗಿಂತ ಹೆಚ್ಚಾಗಿ, ಆ ಮಕ್ಕಳು ಏನು ಹೇಳುವವರಿದ್ದರು ಎಂದು ಕೇಳುವ ಆಸೆ ನನ್ನನ್ನು ಬಿಡಲಿಲ್ಲ.

ಮೊದಲ ನಾಲ್ಕು ತಿಂಗಳು ಕ್ಯಾಮೆರಾ ಮುಟ್ಟಲಿಲ್ಲ, ಬರೀ ಓಡಾಟ. ಈ ಹಂತವನ್ನು ಯಾರೂ ಬಿಡಬೇಡಿ. ಈ ಓಡಾಟದಲ್ಲೇ ಭೀಮಾ ದಂಡೆಯ ಸನ್ನತಿಗೆ ಹೋದೆ. ಅಲ್ಲಿನ ಚಂದ್ರಲಾಂಬಾ ದೇವಸ್ಥಾನದ ಆವರಣದಲ್ಲಿ ಕಾಳಿ ಗುಡಿಯ ಚಾವಣಿ 1986ರಲ್ಲಿ ಕುಸಿದಾಗ, ವಿಗ್ರಹಕ್ಕೆ ಪೀಠವಾಗಿದ್ದ ಕಲ್ಲಿನ ಮೇಲೆ ಅಕ್ಷರ ಕಂಡವು. ಅದು ಬ್ರಾಹ್ಮಿ ಲಿಪಿ, ಪ್ರಾಕೃತ ಭಾಷೆಯ ಅಶೋಕನ ಶಾಸನ. ಅದರಲ್ಲಿ ಹನ್ನೆರಡನೆಯ ಬಂಡೆಶಾಸನವೂ ಇದೆ. ತನ್ನ ಪಂಥವನ್ನು ಹೊಗಳುತ್ತ ಇನ್ನೊಬ್ಬರದನ್ನು ಹಳಿಯುವಾಗ ನಾಲಿಗೆಗೆ ಹಿಡಿತವಿರಲಿ, ಹಾಗೆ ಹಳಿಯುವವನು ಕೆಡಿಸುವುದು ತನ್ನ ಪಂಥವನ್ನೇ, ಒಬ್ಬರ ಧರ್ಮವನ್ನು ಇನ್ನೊಬ್ಬರು ಕೇಳಬೇಕು ಎನ್ನುತ್ತದೆ ಆ ಶಾಸನ. ನನ್ನ ವಿಷಯವೇ ನನ್ನ ಜಿಲ್ಲೆಯ ಕಲ್ಲಿನ ಮೇಲೆ ಎರಡು ಸಾವಿರ ವರ್ಷದ ಹಿಂದೆ ಕೂತಿತ್ತು, ನನಗೆ ಗೊತ್ತಿರಲಿಲ್ಲ. ಗುಡಿಯ ಹತ್ತಿರ ತೆಂಗಿನಕಾಯಿ ಮಾರುವ ಅಜ್ಜಿಗೆ ಕಲ್ಲಿನಲ್ಲಿ ಏನು ಬರೆದಿದೆ ಎಂದು ಹೇಳಿದೆ. ಆಕೆ ಬಹಳ ಹೊತ್ತು ಸುಮ್ಮನಿದ್ದು, "ಅಷ್ಟು ದಿನ ದೇವಿನ ಹೊತ್ಕೊಂಡು ಕುಂತಿತ್ತಲ್ಲವ್ವಾ ಆ ಕಲ್ಲು. ಅದರ ಮಾತು ಯಾರ್ ಕೇಳ್ಯಾರ" ಅಂದಳು. ಚಿತ್ರ ಆಕೆಯ ಈ ಮಾತಿನಿಂದಲೇ ಶುರುವಾಗುತ್ತದೆ.

ಅನುಮತಿಗಳ ವಿಷಯದಲ್ಲಿ ನಾನು ಮಾಡಿದ ದೊಡ್ಡ ತಪ್ಪು: ಜಿಲ್ಲಾಡಳಿತಕ್ಕೆ ಒಂದು ಪತ್ರ ಕೊಟ್ಟರೆ ಎಲ್ಲ ಕಡೆ ನಡೆಯುತ್ತದೆ ಎಂದುಕೊಂಡದ್ದು. ನಡೆಯುವುದಿಲ್ಲ. ಕನಗನಹಳ್ಳಿಯ ಸ್ತೂಪ, ಬೀದರ ಕೋಟೆಯಂಥ ಕಡೆ ಭಾರತೀಯ ಪುರಾತತ್ವ ಸರ್ವೇಕ್ಷಣದ ಅನುಮತಿ ಬೇರೆ ಬೇಕು, ಶುಲ್ಕವೂ ಬೇರೆ. ಮಠ, ಗುಡಿ, ದರ್ಗಾಗಳಲ್ಲಿ ಅವರವರ ಆಡಳಿತ ಮಂಡಳಿಯನ್ನು ಕೇಳಬೇಕು. ರಸ್ತೆ, ಸಂತೆಯಲ್ಲಿ ಚಿತ್ರೀಕರಿಸುವಾಗ ಆಯಾ ಪೊಲೀಸ್ ಠಾಣೆಗೆ ಮಾಹಿತಿ ಪತ್ರ ಕೊಟ್ಟು, ನಮ್ಮ ಪ್ರತಿಯ ಮೇಲೆ ಸ್ವೀಕೃತಿ ಮೊಹರು ಹಾಕಿಸಿಕೊಳ್ಳಬೇಕು. ಆ ಮೊಹರಿಗಾಗಿ ಅರ್ಧ ದಿನ ಕಾಯಬೇಕಾದರೂ ಕಾಯಿರಿ. ಮುಂದೆ ನನಗೆ ಆಸರೆಯಾದದ್ದು ಅದೇ. ತಪ್ಪು ವಿಳಾಸಕ್ಕೆ ಅರ್ಜಿ ಕಳಿಸಿ ನಾನು ಏಳು ವಾರ ಕಳೆದುಕೊಂಡೆ. ಅಷ್ಟರಲ್ಲಿ ತೊಗರಿ ರಾಶಿಯ ಕಾಲ ಬಂತು, ಹಳ್ಳಿಗಳಲ್ಲಿ ಮಾತಾಡಲು ಯಾರಿಗೂ ಪುರುಸೊತ್ತಿಲ್ಲ.

ಬಸವಕಲ್ಯಾಣದಲ್ಲಿ ಮೂರು ದಿನ ಇದ್ದೆವು. ಅನುಭವ ಮಂಟಪದ ಬಗ್ಗೆ ಕೇಳಿದರೆ ಚಹಾದಂಗಡಿಯವರಿಂದ ಹಿಡಿದು ನಿವೃತ್ತ ಅಧಿಕಾರಿಗಳವರೆಗೆ ಎಲ್ಲರೂ ಉತ್ಸಾಹದಿಂದ ಮಾತಾಡುತ್ತಿದ್ದರು. ಅಲ್ಲಮಪ್ರಭು ಅಕ್ಕಮಹಾದೇವಿಗೆ ಕೇಳಿದ ಕಠಿಣ ಪ್ರಶ್ನೆ, ಅವಳು ಹೆದರದೆ ಕೊಟ್ಟ ಉತ್ತರ, ಹರಳಯ್ಯ ಮಧುವರಸರ ಮಕ್ಕಳ ಜಾತಿ ಮೀರಿದ ಮದುವೆ, ಅದಕ್ಕೆ ಆ ಇಬ್ಬರು ತಂದೆಯರನ್ನು ಆನೆಯ ಕಾಲಿಗೆ ಕಟ್ಟಿ ಎಳೆಸಿದ ಎಳೆಹೂಟೆ ಶಿಕ್ಷೆ, ಎಲ್ಲವನ್ನೂ ನಿನ್ನೆ ನಡೆದಂತೆ ಹೇಳುತ್ತಿದ್ದರು. "ಇವತ್ತು ಈ ಊರಾಗ ಅಂಥಾ ಪ್ರಶ್ನೆ ಯಾರಾರ ಕೇಳಬಹುದೇನ್ರಿ?" ಎಂದು ಕೇಳಿದ ಕೂಡಲೇ ಕೈ ಕ್ಯಾಮೆರಾದ ಕಡೆ ಬರುತ್ತಿತ್ತು. "ಅದನ್ನ ಬಂದ್ ಮಾಡ್ರಿ ಮೊದ್ಲ." ಹದಿನಾರು ಸಂದರ್ಶನಗಳಲ್ಲಿ ಹನ್ನೊಂದು ಅಲ್ಲಿಗೇ ನಿಂತವು. ಮೊದಮೊದಲು ಇವು ಹಾಳಾದ ದಿನಗಳು ಎಂದು ಕೊರಗಿದೆ. ಸಂಕಲನದಲ್ಲಿ ಆ ಹನ್ನೊಂದು ಕೈಗಳನ್ನು ಮುಖ ಕಾಣದಂತೆ ಒಂದರ ಹಿಂದೊಂದು ಜೋಡಿಸಿದಾಗ, ಚಿತ್ರದ ಬೇರೆ ಯಾವ ಭಾಗವೂ ಹೇಳದ್ದನ್ನು ಆ ಎರಡು ನಿಮಿಷ ಹೇಳಿತು.

ಒಪ್ಪಿಗೆ ಪತ್ರದ ಬಗ್ಗೆ ಇಲ್ಲೇ ಹೇಳಿಬಿಡುತ್ತೇನೆ. ನಾನು ಮೊದಲು ತಂದದ್ದು ಇಂಗ್ಲಿಷಿನ ಎರಡು ಪುಟದ ನಮೂನೆ. ಖ್ವಾಜಾ ಬಂದೇನವಾಜ್ ದರ್ಗಾದ ದಾರಿಯಲ್ಲಿ ಅಂಗಡಿ ಇಟ್ಟ ದರ್ಜಿಯೊಬ್ಬರು ಅದನ್ನು ತಿರುಗಿಸಿ ಮುರುಗಿಸಿ ನೋಡಿ ಪಕ್ಕಕ್ಕೆ ಇಟ್ಟರು, ಸಹಿ ಮಾಡಲಿಲ್ಲ. ಆ ರಾತ್ರಿಯೇ ಕನ್ನಡದಲ್ಲಿ ಒಂದು ಪುಟ ಬರೆದೆ, ಅದನ್ನೇ ಉರ್ದುವಿಗೆ ಗೆಳತಿಯಿಂದ ಮಾಡಿಸಿದೆ. ನಿಮ್ಮ ಮಾತು ಎಲ್ಲೆಲ್ಲಿ ತೋರಿಸಲಾಗುತ್ತದೆ, ಹಣ ಕೊಡುತ್ತೇವೋ ಇಲ್ಲವೋ, ಯಾವ ದಿನಾಂಕದವರೆಗೆ ನೀವು ಮನಸ್ಸು ಬದಲಿಸಬಹುದು, ಇಷ್ಟೇ. ಸಹಿಯ ಜೊತೆ ಕ್ಯಾಮೆರಾ ಮುಂದೆಯೂ ಅವರ ಬಾಯಲ್ಲೇ ಒಪ್ಪಿಗೆ ಹೇಳಿಸಿ. ಹದಿನೆಂಟು ತುಂಬದವರಿದ್ದರೆ ತಂದೆ ತಾಯಿಯ ಸಹಿ ಬೇಕೇ ಬೇಕು. ಸಭಾಂಗಣದಲ್ಲಿ ಚಿತ್ರೀಕರಿಸುವಾಗ ಬಾಗಿಲಲ್ಲಿ ದೊಡ್ಡ ಅಕ್ಷರದ ಫಲಕ ಹಾಕಿ, ಮುಖ ಬೇಡ ಎನ್ನುವವರಿಗೆ ಹಿಂದೆ ಎರಡು ಸಾಲು ಬಿಡಿ.

ಮನಸ್ಸು ಬದಲಿಸುವ ದಿನಾಂಕ ಇಟ್ಟದ್ದಕ್ಕೆ ನನಗೆ ಬೈದವರಿದ್ದಾರೆ. ಹುಮನಾಬಾದಿನ ಒಬ್ಬ ನಿವೃತ್ತ ಮಾಸ್ತರರು ಎರಡು ತಾಸು ಮಾತಾಡಿದ್ದರು. ಚಿತ್ರದ ಬೆನ್ನೆಲುಬೇ ಅವರು. ದಿನಾಂಕಕ್ಕೆ ಒಂಬತ್ತು ದಿನ ಇದ್ದಾಗ ಅವರ ಮಗ ಫೋನ್ ಮಾಡಿ, "ಅಪ್ಪಾರದು ತೆಗೀರಿ ಮೇಡಂ, ನಾವ್ ಈ ಊರಾಗ ಬಾಳ್ವೆ ಮಾಡಬೇಕು" ಅಂದರು. ಸಹಿ ಇದೆ ಎಂದು ವಾದಿಸಬಹುದಿತ್ತು. ಮನಸ್ಸು ಒಪ್ಪಲಿಲ್ಲ. ಮೂರು ಸಲ ಬಸ್ಸು ಹತ್ತಿದೆ. ಮೊದಲ ಎರಡು ಸಲ ಮಾಸ್ತರರು ಹೊರಗೇ ಬರಲಿಲ್ಲ. ಅವರ ಮನೆಯವರು ಕಡಕ್ ರೊಟ್ಟಿ, ಶೇಂಗಾ ಹಿಂಡಿ ಕೊಟ್ಟು ಕಳಿಸಿದರು. ಮೂರನೆಯ ಸಲ ಲ್ಯಾಪ್‌ಟಾಪ್ ಒಯ್ದು, ಅವರು ಬರುವ ಭಾಗವನ್ನು ಅವರ ಮಗನ ಮುಂದೆಯೇ ತೋರಿಸಿದೆ. ನೋಡಿ ಮುಗಿಸಿ ಮಾಸ್ತರರು ನನ್ನ ಕಡೆ ತಿರುಗಿದರು.

"ಇದರ ಮುಂದ ನಾ ಇನ್ನೊಂದು ಮಾತು ಅಂದಿದ್ನಲ್ಲ, ಅದು ಎಲ್ಲಿ ಹೋತು ತಂಗಿ?"

ಹೋಗಿತ್ತು. ಲಯ ಚೆನ್ನಾಗಿ ಬರಲಿ ಎಂದು ನಾನೇ ಕತ್ತರಿಸಿದ್ದೆ. ತಮ್ಮ ಧರ್ಮದವರ ಮೇಲೆ ಅವರು ಮಾಡಿದ ಟೀಕೆಯನ್ನು ಇಟ್ಟುಕೊಂಡಿದ್ದೆ. ಅದರ ಬೆನ್ನಿಗೇ, ಅದೇ ಧರ್ಮ ತಮ್ಮ ತಾಯಿಯನ್ನು ಕಷ್ಟಕಾಲದಲ್ಲಿ ಹೇಗೆ ಹಿಡಿದು ನಿಲ್ಲಿಸಿತ್ತು ಎಂದು ಹೇಳಿದ್ದನ್ನು ಬಿಟ್ಟಿದ್ದೆ. "ಅದನ್ನ ಹಾಕ್ರಿ. ಹಾಕಿದ್ರ ನಂದು ಇರ್ಲಿ. ಇಲ್ಲಂದ್ರ ಪೂರಾ ತೆಗೀರಿ" ಅಂದರು. ಮಗನೂ ತಲೆಯಾಡಿಸಿದರು. ವಾಪಸ್ಸು ಬರುವಾಗ ಬಸ್ಸಿನಲ್ಲಿ ಕೂತು, ಇನ್ನೂ ಯಾರ್ಯಾರ ಮಾತನ್ನು ಹೀಗೆ ಅರ್ಧಕ್ಕೆ ನಿಲ್ಲಿಸಿದ್ದೇನೆ ಎಂದು ಪಟ್ಟಿ ಮಾಡಿದೆ. ಏಳು ಜನ ಸಿಕ್ಕರು. 52 ನಿಮಿಷಕ್ಕೆ ಮುಗಿಯಬೇಕಿದ್ದ ಚಿತ್ರ 64 ಆದದ್ದು ಆ ಪಟ್ಟಿಯಿಂದ.

ನಿಂತುಹೋಗಿದ್ದ ಚರ್ಚಾಸ್ಪರ್ಧೆಯನ್ನು ಇನ್ನೊಂದು ಸಂಸ್ಥೆ 2024ರ ಫೆಬ್ರುವರಿಯಲ್ಲಿ ನಡೆಸಲು ಒಪ್ಪಿತು. ಅದೇ ವಿಷಯ. ಪರವೋ ವಿರೋಧವೋ ಎನ್ನುವುದನ್ನು ಚೀಟಿ ಎತ್ತಿ ನಿರ್ಧರಿಸಬೇಕು, ಎರಡನೆಯ ಸುತ್ತಿನಲ್ಲಿ ಪಕ್ಷ ಅದಲು ಬದಲು. ಚಿತ್ತಾಪುರ ಕಡೆಯ ಹಳ್ಳಿಯಿಂದ ಬಂದ ಬಿ.ಎ. ಎರಡನೆಯ ವರ್ಷದ ಹುಡುಗಿಗೆ ಮೊದಲು ವಿರೋಧದ ಚೀಟಿ ಬಂತು. "ಪ್ರಶ್ನೆ ಕೇಳಿದರೆ ದೇವರಿಗೆ ನೋವಾಗುತ್ತದೆ ಎನ್ನುವವರು ದೇವರನ್ನು ನಮ್ಮಷ್ಟೇ ಸಣ್ಣವನನ್ನಾಗಿ ಮಾಡುತ್ತಿದ್ದಾರೆ" ಎಂದು ನಾಲ್ಕು ನಿಮಿಷ ಹೇಳಿದಳು. ಎರಡನೆಯ ಸುತ್ತಿನಲ್ಲಿ ತನ್ನ ಅಜ್ಜಿಯ ಜಗುಲಿ, ಅಜ್ಜಿ ಸಾಯುವಾಗ ಕೈಯಲ್ಲಿ ಹಿಡಿದಿದ್ದ ಲಿಂಗ, ಆ ನಂಬಿಕೆಯನ್ನು ಯಾರಾದರೂ ಹೀಯಾಳಿಸಿದರೆ ತನಗೆ ಆಗುವ ಸಂಕಟವನ್ನು ಹೇಳಿದಳು. ಸಭಾಂಗಣದಲ್ಲಿ ಹಲವರು ಕಣ್ಣೊರೆಸಿಕೊಂಡರು. ಅವಳಿಗೇ ಮೊದಲ ಬಹುಮಾನ.

ಇನ್ನು ಮುಂದಿನದನ್ನು ಬರೆಯುವಾಗ ಈಗಲೂ ಕೈ ನಡುಗುತ್ತದೆ. 2024ರ ಸೆಪ್ಟೆಂಬರಿನಲ್ಲಿ ಕರಡು ಸಂಕಲನವನ್ನು ಆರು ಜನರ ಅಭಿಪ್ರಾಯಕ್ಕೆ ಗೂಗಲ್ ಡ್ರೈವ್‌ನಲ್ಲಿ ಹಾಕಿದೆ. ಲಿಂಕ್ ಇದ್ದವರೆಲ್ಲ ನೋಡಬಹುದು ಎನ್ನುವ ಆಯ್ಕೆಯನ್ನು ಬದಲಿಸಲಿಲ್ಲ. ಆರು ಜನರಿಂದ ಲಿಂಕ್ ಎಲ್ಲೆಲ್ಲಿಗೆ ಹೋಯಿತೋ, ಹತ್ತನೆಯ ದಿನ ಆ ಹುಡುಗಿಯ ಮೊದಲ ಸುತ್ತಿನ 38 ಸೆಕೆಂಡು ವಾಟ್ಸ್ಆ್ಯಪ್‌ನಲ್ಲಿ ಓಡಾಡುತ್ತಿತ್ತು. ಚೀಟಿಯ ಸುದ್ದಿ ಇಲ್ಲ, ಅಜ್ಜಿಯೂ ಇಲ್ಲ. ಅವಳ ಮುಖ ಇದೆ, ಮೇಲೆ ಯಾರೋ ಬರೆದ ಬೈಗುಳ ಇದೆ. ಅವಳ ಅಪ್ಪ ಹನ್ನೊಂದು ದಿನ ಅವಳನ್ನು ಕಾಲೇಜಿಗೆ ಕಳಿಸಲಿಲ್ಲ.

ಅವರ ಮನೆಗೆ ಹೋದಾಗ ಅಪ್ಪ ಬಾಗಿಲಲ್ಲೇ ನಿಂತು ಕೇಳಿದರು: "ನನ್ನ ಮಗಳ ಮಾತು ನಿಮ್ಮ ಕೈಯಾಗ ಕೊಟ್ಟಿದ್ವಿ. ನೀವು ಯಾರ ಕೈಯಾಗ ಕೊಟ್ರಿ?" ನನ್ನ ಬಳಿ ಉತ್ತರ ಇರಲಿಲ್ಲ. ತಪ್ಪು ನನ್ನದು ಎಂದು ಹೇಳಿದೆ. ಚಿತ್ರದಿಂದ ಆ ಭಾಗ ಪೂರ್ತಿ ತೆಗೆಯಲು ಸಿದ್ಧ, ಬೇಕಿದ್ದರೆ ಚಿತ್ರವನ್ನೇ ನಿಲ್ಲಿಸುತ್ತೇನೆ ಎಂದೂ ಹೇಳಿದೆ. ಒಳಗಿನಿಂದ ಹುಡುಗಿ ಬಂದು, "ತೆಗೀಬ್ಯಾಡ್ರಿ ಮೇಡಂ. ತೆಗೆದ್ರ ಆ 38 ಸೆಕೆಂಡೇ ಉಳೀತಾವ" ಅಂದಳು. ಅಪ್ಪ ಅಂದು ಏನನ್ನೂ ಒಪ್ಪಲಿಲ್ಲ.

ಇದನ್ನು ಓದುವವರು ದಯವಿಟ್ಟು ಕೇಳಿ. ಕರಡನ್ನು ಹಂಚುವಾಗ ಪಾಸ್‌ವರ್ಡ್ ಇರಲಿ, ಡೌನ್‌ಲೋಡ್ ಮುಚ್ಚಿರಲಿ, ನೋಡುವವರ ಹೆಸರು ಪ್ರತಿ ಪ್ರತಿಯ ಮೇಲೂ ನೀರುಗುರುತಾಗಿ (ವಾಟರ್‌ಮಾರ್ಕ್) ಮೂಡಿರಲಿ. ಇದಕ್ಕೆಲ್ಲ ಒಂದು ಸಂಜೆಯ ಕೆಲಸ ಸಾಕು. ಇನ್ನೂ ಒಳ್ಳೆಯದೆಂದರೆ, ಲಿಂಕ್ ಕಳಿಸುವುದೇ ಬೇಡ, ಜನರನ್ನು ಮನೆಗೆ ಕರೆದು ಕೂರಿಸಿ ತೋರಿಸಿ.

ಅದೇ ವಾರ ಠಾಣೆಯಿಂದ ಫೋನ್ ಬಂತು, ದೂರು ಅರ್ಜಿ ಬಂದಿದೆ, ಬಂದು ಹೋಗಿ ಎಂದು. ಪರಿಚಯದ ವಕೀಲ ಅಕ್ಕ ಒಬ್ಬರು, ಇಲ್ಲಿನ ಹೈಕೋರ್ಟ್ ಪೀಠದಲ್ಲಿ ಕೆಲಸ ಮಾಡುವವರು, ಮೊದಲು ನನ್ನನ್ನು ಕೂರಿಸಿ ನೀರು ಕೊಟ್ಟರು. ಲಿಖಿತ ನೋಟಿಸ್ ಕೇಳಬೇಕು ಅಂದರು. ಸಾಕ್ಷಿಯಾಗಿ ವಿಚಾರಿಸಬೇಕಿದ್ದರೆ ಮಹಿಳೆಯನ್ನು ಅವಳ ಮನೆಯಲ್ಲೇ ವಿಚಾರಿಸಬೇಕು, ಠಾಣೆಗೆ ಬಾ ಎಂದು ಒತ್ತಾಯಿಸುವಂತಿಲ್ಲ, ಇದು ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 179ನೇ ಕಲಮಿನಲ್ಲಿದೆ ಎಂದು ಬಿಡಿಸಿ ಹೇಳಿದರು. ಧಾರ್ಮಿಕ ಭಾವನೆ ಕೆರಳಿಸುವ ಅಪರಾಧದ ಕಲಮನ್ನು ಅಲ್ಲಿಯವರೆಗೆ ನಾನು ಹಳೆಯ ಭಾರತೀಯ ದಂಡ ಸಂಹಿತೆಯ 295ಎ ಎಂದೇ ಹೇಳಿಕೊಂಡು ತಿರುಗುತ್ತಿದ್ದೆ. 2024ರ ಜುಲೈ 1ರಿಂದ ಅದು ಭಾರತೀಯ ನ್ಯಾಯ ಸಂಹಿತೆಯ 299ನೇ ಕಲಂ. 1927ರಲ್ಲಿ ಬ್ರಿಟಿಷರ ಕಾಲದಲ್ಲಿ ಸೇರಿಸಿದ ಆ ಅಪರಾಧದ ತಿರುಳು ಮಾತ್ರ ಅದೇ ಇದೆ: ಉದ್ದೇಶಪೂರ್ವಕವಾಗಿ, ದುರುದ್ದೇಶದಿಂದ ಧಾರ್ಮಿಕ ಭಾವನೆಯನ್ನು ಕೆರಳಿಸುವುದು. ರಾಮ್‌ಜಿ ಲಾಲ್ ಮೋದಿ ಪ್ರಕರಣದಲ್ಲಿ 1957ರಲ್ಲೇ ಸುಪ್ರೀಂ ಕೋರ್ಟ್ ಈ ಕಲಮನ್ನು ಎತ್ತಿಹಿಡಿಯಿತು, ಆದರೆ ದುರುದ್ದೇಶವಿಲ್ಲದೆ, ಅರಿಯದೆ ಆದ ಅವಮಾನಕ್ಕೆ ಇದು ತಗಲುವುದಿಲ್ಲ ಎಂದೂ ಹೇಳಿತು.

"ಉದ್ದೇಶ ಏನಂತ ಹೆಂಗ ತಿಳೀತದ ಹೇಳು? ಪೂರ್ತಿ ಕೇಳಿದ್ರಷ್ಟೇ" ಎಂದು ಅಕ್ಕ ನನ್ನ ಹಾರ್ಡ್ ಡಿಸ್ಕ್ ಎತ್ತಿಕೊಂಡರು.

ಅವರ ಜೊತೆಯಲ್ಲಿ ನಾನಾಗಿಯೇ ಠಾಣೆಗೆ ಹೋದೆ. ಸ್ಪರ್ಧೆಯ ಎರಡೂ ಸುತ್ತಿನ ಪೂರ್ತಿ ದೃಶ್ಯ, ಚೀಟಿ ಎತ್ತುವ ದೃಶ್ಯ, ಒಪ್ಪಿಗೆ ಪತ್ರ, ಹಿಂದೆ ಮೊಹರು ಹಾಕಿಸಿಕೊಂಡಿದ್ದ ಮಾಹಿತಿ ಪತ್ರ, ಎಲ್ಲವನ್ನೂ ಮೇಜಿನ ಮೇಲಿಟ್ಟೆ. ಅಧಿಕಾರಿ ಮೊದಲ ಸುತ್ತು ನೋಡುವಾಗ ಮುಖ ಬಿಗಿದಿತ್ತು. ಎರಡನೆಯ ಸುತ್ತಿನಲ್ಲಿ ಪೇದೆಗಳೂ ಬಂದು ಹಿಂದೆ ನಿಂತರು. ಹೇಳಿಕೆ ಬರೆದುಕೊಂಡರು. ಪ್ರಕರಣ ದಾಖಲಾಗಲಿಲ್ಲ. ತುಣುಕು ಹರಡಿದವರ ವಿರುದ್ಧ ನಾವು ಕೊಟ್ಟ ದೂರಿಗೆ ಮಾತ್ರ ಡಿಸೆಂಬರ್‌ವರೆಗೆ ಓಡಾಡಿದರೂ ಏನೂ ಆಗಲಿಲ್ಲ. ಆ ಮೂರು ತಿಂಗಳು ನನಗೆ ನಿದ್ದೆ ಇರಲಿಲ್ಲ. ಅಪರಿಚಿತ ನಂಬರ್ ಬಂದರೆ ಅವ್ವ ನನ್ನ ಕೈಯಿಂದ ಫೋನ್ ಕಿತ್ತುಕೊಳ್ಳುತ್ತಿದ್ದಳು.

ಹುಡುಗಿಯ ಅಪ್ಪ 2025ರ ಜನವರಿಯಲ್ಲಿ ತಾವೇ ಫೋನ್ ಮಾಡಿದರು. ಮಗಳು ಪೂರ್ತಿ ಭಾಷಣವನ್ನು ಬಂಧುಗಳ ಮದುವೆಯೊಂದರಲ್ಲಿ ಮೊಬೈಲಿನಲ್ಲಿ ಎಲ್ಲರಿಗೂ ತೋರಿಸಿದಳಂತೆ. "ಇಟ್ಕೊಳ್ರಿ" ಅಂದರು. ಅಷ್ಟೇ ಮಾತು. ಹೊಸ ದಿನಾಂಕ ಹಾಕಿ ಹೊಸ ಒಪ್ಪಿಗೆ ಪತ್ರ ಮಾಡಿಸಿಕೊಂಡೆ, ಅವಳದೂ ಅಪ್ಪನದೂ ಸಹಿ ಹಾಕಿಸಿ, ಅವಳು ವಯಸ್ಕಳಾಗಿದ್ದರೂ.

ಪ್ರಮಾಣಪತ್ರದ ಕಥೆಗೆ ಬರುತ್ತೇನೆ. ಯೂಟ್ಯೂಬಿಗಷ್ಟೇ ಹಾಕುವುದಿದ್ದರೆ ಕೇಂದ್ರೀಯ ಚಲನಚಿತ್ರ ಪ್ರಮಾಣನ ಮಂಡಳಿಯ ಪ್ರಮಾಣಪತ್ರ ಬೇಡ. ಸಾರ್ವಜನಿಕ ಪ್ರದರ್ಶನಕ್ಕೆ 1952ರ ಸಿನಿಮಾಟೋಗ್ರಾಫ್ ಕಾಯ್ದೆಯ ಪ್ರಕಾರ ಬೇಕು. ಹಲವರು ನನಗೆ ಆನ್‌ಲೈನ್‌ನಲ್ಲಿ ಹಾಕಿ ಕೈತೊಳೆದುಕೋ ಅಂದರು. ನನಗೆ ಅದು ಬೇಡವಾಗಿತ್ತು. ಜನ ಒಂದೇ ಕಡೆ ಕೂತು, ನಡುವೆ ಓಡಿಸದೆ, ಕೊನೆವರೆಗೆ ನೋಡಬೇಕಿತ್ತು.

ಅರ್ಜಿ ಆನ್‌ಲೈನ್. ನಮ್ಮದು ಬೆಂಗಳೂರಿನ ಪ್ರಾದೇಶಿಕ ಕಚೇರಿಗೆ ಹೋಗುತ್ತದೆ. ಸಾರಾಂಶ, ಚಿತ್ರದಲ್ಲಿ ಆಡಿದ ಪ್ರತಿ ಮಾತಿನ ಲಿಖಿತ ಪ್ರತಿ, ಹಾಡಿದ್ದರೆ ಅದರ ಸಾಹಿತ್ಯ ಎಲ್ಲ ಬೇಕು. ನನ್ನ ಚಿತ್ರದಲ್ಲಿ ಕನ್ನಡ, ದಖನಿ, ಸ್ವಲ್ಪ ಮರಾಠಿ ಇದ್ದವು. 64 ನಿಮಿಷದ ಮಾತು ಟೈಪ್ ಮಾಡಲು ಹತ್ತೊಂಬತ್ತು ದಿನ ಹಿಡಿಯಿತು. ಇದನ್ನು ಸಂಕಲನದ ಜೊತೆಜೊತೆಗೇ ಮಾಡಿಕೊಂಡರೆ ಕೊನೆಯಲ್ಲಿ ಜೀವ ಹಿಂಡುವುದಿಲ್ಲ. ವಚನ ಹಾಡಿದ ಧ್ವನಿಮುದ್ರಣ ಬಳಸಿದ್ದರೆ ಹಾಡಿದವರ ಒಪ್ಪಿಗೆ ಬೇಕು. ವಚನ ಹನ್ನೆರಡನೆಯ ಶತಮಾನದ್ದಾದರೂ ಆ ಮುದ್ರಣ ಹನ್ನೆರಡನೆಯ ಶತಮಾನದ್ದಲ್ಲ. ನಾನು ಬಿದನೂರಿನ ಕಡೆಯ ಒಬ್ಬ ಹೆಣ್ಣುಮಗಳಿಂದ ಹೊಸದಾಗಿ ಹಾಡಿಸಿಕೊಂಡೆ.

72 ನಿಮಿಷದೊಳಗಿನದು ಕಿರುಚಿತ್ರದ ವರ್ಗಕ್ಕೆ ಬರುತ್ತದೆ, ಪರಿಶೀಲನಾ ಸಮಿತಿಯೂ ಚಿಕ್ಕದು. ಏಪ್ರಿಲ್‌ನಲ್ಲಿ ಅರ್ಜಿ ಹಾಕಿದೆ, ಫೈಲಿನ ದೋಷದಿಂದ ಒಮ್ಮೆ ಮರಳಿ ಬಂತು, ಮೇ ಕೊನೆಗೆ ವೀಕ್ಷಣೆ. ರಾತ್ರಿ ರೈಲಿನಲ್ಲಿ ಹೋಗಿ, ಬೆಳಿಗ್ಗೆ ನಿಲ್ದಾಣದಲ್ಲೇ ಮುಖ ತೊಳೆದು ಕಚೇರಿಗೆ ಹೋದೆ. ಅವರು ನೋಡುತ್ತಿರುವಾಗ ನಾವು ಹೊರಗೆ ಕಾಯಬೇಕು. ಆ ಒಂದು ತಾಸು ನನ್ನ ಎರಡು ವರ್ಷಕ್ಕಿಂತ ಉದ್ದವಿತ್ತು. ಆಮೇಲೆ ಒಳಗೆ ಕರೆದು ಎರಡು ವಿಷಯ ಹೇಳಿದರು. ಸಭಿಕನೊಬ್ಬ ಒಂದು ಸಮುದಾಯದ ಬಗ್ಗೆ ಆಡಿದ ಹೀನ ಪದವನ್ನು ಮೌನ ಮಾಡಬೇಕು. ಹುಡುಗಿಯ ಮೊದಲ ಸುತ್ತನ್ನು ಮೊಟಕುಗೊಳಿಸಬೇಕು.

ಮೊದಲನೆಯದಕ್ಕೆ ಆ ಕ್ಷಣವೇ ಒಪ್ಪಿದೆ, ನನಗೇ ಅದು ಮೊದಲು ಹೊಳೆಯಬೇಕಿತ್ತು. ಎರಡನೆಯದಕ್ಕೆ ಮಾರ್ಗಸೂಚಿಯನ್ನು ಮುದ್ರಿಸಿ ಒಯ್ದಿದ್ದೆ. ಚಿತ್ರವನ್ನು ಅದರ ಒಟ್ಟು ಪರಿಣಾಮದ ದೃಷ್ಟಿಯಿಂದ ಇಡಿಯಾಗಿ ನೋಡಬೇಕು ಎಂದು 1991ರ ಮಾರ್ಗಸೂಚಿಯಲ್ಲೇ ಇದೆ. ಅರ್ಧ ಮಾಡಿದ್ದರಿಂದಲೇ ಈ ಹುಡುಗಿಗೆ ಏನಾಯಿತು ಎಂದು ಹೇಳಿದೆ, ಧ್ವನಿ ಒಡೆಯಿತು. ಸಮಿತಿಯವರು ತಮ್ಮಲ್ಲೇ ಮಾತಾಡಿಕೊಂಡು, ಪಕ್ಷವನ್ನು ಚೀಟಿ ಎತ್ತಿ ನಿರ್ಧರಿಸಲಾಗಿದೆ ಎಂಬ ಬರಹವನ್ನು ಅವಳ ಮಾತಿಗೆ ಮೊದಲೇ ತೋರಿಸಿ, ಮಾತು ಇರಲಿ ಅಂದರು. ಆ ಬರಹದಿಂದ ಚಿತ್ರ ಗಟ್ಟಿಯಾಯಿತು. ಯುಎ 13+ ಸಿಕ್ಕಿತು, ಅಂದರೆ ಹದಿಮೂರರ ಕೆಳಗಿನವರು ತಂದೆ ತಾಯಿಯ ಮಾರ್ಗದರ್ಶನದಲ್ಲಿ ನೋಡಬಹುದು. ಒಪ್ಪಿಗೆಯಾಗದಿದ್ದರೆ ಮುಂದೆ ಪುನರ್‌ಪರಿಶೀಲನಾ ಸಮಿತಿ ಇದೆ, ಆಮೇಲೆ ಹೈಕೋರ್ಟ್. ನಡುವೆ ಇದ್ದ ಮೇಲ್ಮನವಿ ನ್ಯಾಯಮಂಡಳಿಯನ್ನು 2021ರಲ್ಲಿ ರದ್ದು ಮಾಡಿದ್ದಾರೆ. 2023ರ ತಿದ್ದುಪಡಿಯ ನಂತರ ಪ್ರಮಾಣಪತ್ರಕ್ಕೆ ಹತ್ತು ವರ್ಷದ ಮಿತಿ ಇಲ್ಲ, ಶಾಶ್ವತ.

ಖರ್ಚು ಕೇಳುವವರು ಬಹಳ. ಒಟ್ಟು 3,96,000 ರೂಪಾಯಿ ಆಯಿತು. ಹತ್ತೊಂಬತ್ತು ದಿನದ ಕ್ಯಾಮೆರಾ ಬಾಡಿಗೆ 76,000, ಸಂಕಲನಕ್ಕೆ 90,000, ಧ್ವನಿ ಮತ್ತು ಬಣ್ಣ ಸರಿಪಡಿಸಲು 45,000 ಹೋದವು. ಉಳಿದದ್ದು ಓಡಾಟ, ಊಟ, ಹಾರ್ಡ್ ಡಿಸ್ಕ್, ಅಡಿಬರಹ. ನನ್ನ ಉಳಿತಾಯ 1,40,000, ಬಳೆ ಒತ್ತೆ ಇಟ್ಟು ಒಂದು ಲಕ್ಷ, ಉಳಿದದ್ದು ಗೆಳತಿಯರು ಕೊಟ್ಟದ್ದು. ಬಳೆ ಇನ್ನೂ ಬ್ಯಾಂಕಿನಲ್ಲಿವೆ. ವಕೀಲ ಅಕ್ಕನ ಶುಲ್ಕ 5,000 ಮಾತ್ರ, ಅದನ್ನೂ ನಾನು ಹಟ ಮಾಡಿ ಕೊಟ್ಟೆ. ನೀವು ಬಜೆಟ್ ಬರೆಯುವಾಗ ವಕೀಲರ ಹಣವನ್ನು ಮೊದಲ ಸಾಲಿನಲ್ಲೇ ಬರೆಯಿರಿ.

ಸಭಾಂಗಣ ಸಿಗುವುದು ಕಷ್ಟವಾಯಿತು. ಪ್ರಮಾಣಪತ್ರ ತೋರಿಸಿದರೂ ಇಬ್ಬರು "ವಿಷಯ ಬಿಸಿ ಅದ್ರಿ" ಎಂದು ಮುಂಗಡ ಮರಳಿಸಿದರು. ಗಲಾಟೆಯ ಬೆದರಿಕೆ ಇದೆ ಎಂಬ ಕಾರಣಕ್ಕೆ ಪ್ರಮಾಣಪತ್ರ ಪಡೆದ ಚಿತ್ರವನ್ನು ತಡೆಯುವಂತಿಲ್ಲ, ರಕ್ಷಣೆ ಕೊಡುವುದು ಸರ್ಕಾರದ ಕರ್ತವ್ಯ ಎಂದು 1989ರ ರಂಗರಾಜನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಆದರೆ ಖಾಸಗಿ ಸಭಾಂಗಣದ ಮಾಲೀಕನ ಹೆದರಿಕೆಗೆ ತೀರ್ಪು ಮದ್ದಲ್ಲ. ಮೂರನೆಯವರು, ವಯಸ್ಸಾದವರು, "ಮೊದ್ಲ ನನಗ ತೋರಸ್ರಿ" ಅಂದರು. ಅವರ ಮನೆಯಲ್ಲಿ, ಅವರ ಸೊಸೆ ಮೊಮ್ಮಕ್ಕಳ ಜೊತೆ ಕೂತು ತೋರಿಸಿದೆ. ಮುಗಿದ ಮೇಲೆ ತಾರೀಖು ಕೊಟ್ಟರು.

ಆಗಸ್ಟ್‌ನ ಆ ಭಾನುವಾರ ಮಳೆ. ನೂರು ಜನ ಬಂದಾರು ಎಂದುಕೊಂಡಿದ್ದೆವು, ಕುರ್ಚಿ ಸಾಲದೆ ಜನ ಗೋಡೆಗೆ ಒರಗಿ ನಿಂತರು. ಹುಮನಾಬಾದಿನ ಮಾಸ್ತರರು ಮಗನ ಕೈ ಹಿಡಿದು ಬಂದಿದ್ದರು. ದರ್ಜಿ ಚಾಚಾ ಅಂಗಡಿ ಮುಚ್ಚಿ ಬಂದಿದ್ದರು. ಹನ್ನೊಂದು ಕೈಗಳ ದೃಶ್ಯದಲ್ಲಿ ಸಭಾಂಗಣ ಉಸಿರು ಹಿಡಿದಿತ್ತು. ಹುಡುಗಿಯ ಮೊದಲ ಸುತ್ತಿಗೆ ಹಿಂದಿನಿಂದ ಯಾರೋ ಎದ್ದು ನಿಂತರು, ಪಕ್ಕದವರು ಅವರ ತೋಳು ಹಿಡಿದು "ಇನ್ನಾ ಅದ, ಕೂಡ್ರಿ" ಎಂದದ್ದು ನನಗೆ ಕೇಳಿಸಿತು. ಅವರು ಕೂತರು.

ಪ್ರಶ್ನೋತ್ತರ ಒಂದು ತಾಸು ನಡೆಯಿತು. ನನ್ನನ್ನು ಕಟುವಾಗಿ ಟೀಕಿಸಿದವರೂ ಇದ್ದರು. ಒಬ್ಬರು, ನೀವು ನಂಬುವವರ ನೋವನ್ನು ಕೊನೆಗೆ ಇಟ್ಟಿದ್ದೀರಿ, ಮೊದಲು ಯಾಕೆ ಇಡಲಿಲ್ಲ ಎಂದು ಕೇಳಿದರು. ಅದು ನ್ಯಾಯವಾದ ಪ್ರಶ್ನೆ, ನಾನು ಇನ್ನೂ ಅದನ್ನೇ ಯೋಚಿಸುತ್ತಿದ್ದೇನೆ. ವೇಳೆ ಮುಗಿಯಿತೆಂದು ದೀಪ ಆರಿಸಿದ ಮೇಲೆ ಜನ ಹೊರಗಿನ ಚಹಾದಂಗಡಿಯಲ್ಲಿ, ತಗಡಿನ ಕೆಳಗೆ, ಮಳೆಯಲ್ಲಿ ನಿಂತು ವಾದ ಮುಂದುವರಿಸಿದರು.

ಅಲ್ಲಿ ಹುಡುಗಿಯ ಅಪ್ಪ ನನ್ನ ಹತ್ತಿರ ಬಂದರು. ಚಹಾ ಕುಡಿದು ಮುಗಿಸುವವರೆಗೆ ಮಾತಾಡಲಿಲ್ಲ. ಆಮೇಲೆ, "ನಮ್ಮೂರಾಗ ತೋರಸ್ಬೇಕಂದ್ರ ಏನೇನ್ ಕಾಗದ ಬೇಕ್ರಿ ಮೇಡಂ?" ಅಂದರು.

ಆಹ್ವಾನ ಪತ್ರಿಕೆಯ ಹಿಂಬದಿಯಲ್ಲಿ ಬರೆದುಕೊಟ್ಟೆ. ಪ್ರಮಾಣಪತ್ರದ ಪ್ರತಿ, ಅದು ನನ್ನ ಚೀಲದಲ್ಲೇ ಇತ್ತು. ಜಾಗ ಕೊಡುವವರ ಒಪ್ಪಿಗೆ. ಠಾಣೆಗೆ ಪತ್ರ, ಮೊಹರು ಹಾಕಿಸಿಕೊಳ್ಳಬೇಕು. ಧ್ವನಿವರ್ಧಕಕ್ಕೆ ಅನುಮತಿ, ರಾತ್ರಿ ಹತ್ತರೊಳಗೆ ಮುಗಿಸಬೇಕು. ಪ್ರೊಜೆಕ್ಟರ್ ನಾನು ತರುತ್ತೇನೆ. ಅವರು ಓದಿ, ಮಡಚಿ, ಅಂಗಿಯ ಮೇಲಿನ ಕಿಸೆಯಲ್ಲಿಟ್ಟುಕೊಂಡರು.